ಚಿಕ್ಕಪ್ಪ ಗುರುತು ಹಾಕಿದ ಕೆರೆ

ನಕ್ಷೆ ಬರೆಯುವ ಕಪ್ಪು ಶಾಯಿಗೆ ಕರ್ಪೂರ ಬೆರೆತಂಥ ಒಂದು ಘಾಟು ಇರುತ್ತದೆ. ಮೊನ್ನೆ ಶ್ರೀರಂಗಪಟ್ಟಣದ ಪೇಟೆಯಲ್ಲಿ ಬೋರ್ಡು ಬರೆಯುವವನೊಬ್ಬ ಅಂಥದೊಂದು ಬಾಟಲಿಯ ಬಿರಡೆ ತೆಗೆದ. ಆ ವಾಸನೆಗೆ ನಾನು ಅಲ್ಲೇ ನಿಂತುಬಿಟ್ಟೆ. ತೊಣ್ಣೂರಿನ ಕಡೆಯ ನಮ್ಮ ಹಳೆಯ ತೊಟ್ಟಿಮನೆ, ಪಡಸಾಲೆಯಲ್ಲಿ ಬಿಳಿ ಹಾಳೆ ಹರವಿಕೊಂಡು ಮಂಡಿಯೂರಿ ಕೂತ ಚಿಕ್ಕಪ್ಪ, ಒಬ್ಬರಾದ ಮೇಲೊಬ್ಬರಂತೆ ಅವರಿಗೆ ಬೆನ್ನು ತಿರುಗಿಸಿದ ನಾವೆಲ್ಲ. ಇಲ್ಲವಾದ ಮನೆಯನ್ನು ನೆನೆದರೆ ಎಲ್ಲರಿಗೂ ಕಣ್ಣು ತುಂಬಿ ಬರುತ್ತದಂತೆ. ನನಗೆ ಮೊದಲು ಬರುವುದು ಸಿಟ್ಟು. ನಿಮ್ಮ ಮನೆಯವರೂ ಹೀಗೆ ಒಬ್ಬರನ್ನು ಹೊಸಿಲಾಚೆ ದಬ್ಬಿದ್ದರೆ ನನ್ನ ಮಾತು ನಿಮಗೆ ಅರ್ಥವಾದೀತು.

ಚಿಕ್ಕಪ್ಪ ನಮ್ಮ ವಂಶದಲ್ಲೇ ಮೊದಲು ಎಂ.ಎ. ಮಾಡಿದವರು, ಅದೂ ಭೂಗೋಳದಲ್ಲಿ. ತನ್ನ ತಮ್ಮ ತಾಲ್ಲೂಕಿನ ಅಮಲ್ದಾರನಾಗಬೇಕೆಂದು ಅಪ್ಪನ ಆಸೆ. "ಭೂಮಿ ಎಲ್ಲದೆ ಅಂತ ತಿಳ್ಕಳಕ್ಕೆ ಮೈಸೂರಿಗೋಗ್ಬೇಕೇನ್ಲಾ? ನೇಗ್ಲು ಇಡ್ದೋನಿಗೆ ಗೊತ್ತಿಲ್ವಾ?" ಎಂದು ಜಗಲಿಯ ಮೇಲೆ ನೆಂಟರೆದುರಿಗೇ ಹಂಗಿಸುತ್ತಿದ್ದ. ಚಿಕ್ಕಪ್ಪ ನಗುತ್ತ ಒಳಗೆ ಹೋಗುತ್ತಿದ್ದರು. ಮೈಸೂರಿನ ಕಾಲೇಜೊಂದರಲ್ಲಿ ಮೇಷ್ಟರಾದ ಮೇಲೆ ಡಾಕ್ಟರೇಟಿಗೆಂದು ನಮ್ಮ ಸುತ್ತಿನ ನಾಲ್ಕು ತಾಲ್ಲೂಕುಗಳ ಕೆರೆಗಳನ್ನೇ ಆರಿಸಿಕೊಂಡರು. ಬೇಸಿಗೆ ರಜ ಬಂತೆಂದರೆ ಸೈಕಲ್ಲಿಗೆ ಅಳತೆಯ ಸರಪಳಿ ಕಟ್ಟಿಕೊಂಡು ಕೆ.ಆರ್.ಪೇಟೆಯ ಕೆರೆ ಏರಿಗಳ ಮೇಲೆ, ನಾಗಮಂಗಲದ ಒಣ ಹಳ್ಳಗಳಲ್ಲಿ ವಾರಗಟ್ಟಲೆ ಅಲೆದು, ಸುಟ್ಟ ಬದನೆಕಾಯಿಯಂಥ ಮುಖ ಹೊತ್ತು ಮನೆಗೆ ಬರುತ್ತಿದ್ದರು. ಅಜ್ಜಿ ಮಜ್ಜಿಗೆ ಕೊಟ್ಟು, ಅವರ ಹಿಮ್ಮಡಿಯ ಬಿರುಕಿಗೆ ಹರಳೆಣ್ಣೆ ತಿಕ್ಕುತ್ತಿದ್ದಳು. ನಾಗಮಂಗಲದಲ್ಲಿ ಉಳಿದುಕೊಂಡಿದ್ದ ಮನೆಯ ಹುಡುಗಿಯನ್ನೇ ಮದುವೆಯಾದರು. ತನ್ನನ್ನು ಕೇಳದೆ ಮಾಡಿಕೊಂಡದ್ದೆಂದು ಅಪ್ಪ ಅದನ್ನೂ ಮನಸ್ಸಿನಲ್ಲಿಟ್ಟುಕೊಂಡ.

ನನಗೆ ಹತ್ತು ವರ್ಷವಿದ್ದಾಗ ಒಂದು ಬೇಸಿಗೆ ಅವರ ಸರಪಳಿ ನಮ್ಮೂರಿಗೇ ಬಂತು. ಮನೆಯ ಹಿಂದೆ ನಮ್ಮ ಕಬ್ಬಿನ ಗದ್ದೆ. ಅಷ್ಟು ಹುಲುಸಾದ ಬೆಳೆ ಊರಲ್ಲಿ ಇನ್ನೊಬ್ಬರಿಗಿರಲಿಲ್ಲ. ಗದ್ದೆಯಾಚೆ ಲಂಟಾನ ಬೆಳೆದ ಮಣ್ಣಿನ ದಿಬ್ಬ. ಅದರ ಬುಡ ಅಗೆದ ಚಿಕ್ಕಪ್ಪನಿಗೆ ಕೆರೆಯ ನೀರು ಬಿಡುವ ಕಲ್ಲಿನ ತೂಬು ಸಿಕ್ಕಿತು. ದಿಬ್ಬವೇ ಏರಿ, ನಮ್ಮ ಗದ್ದೆಯೇ ಕೆರೆಯ ಅಂಗಳ! ನಮ್ಮ ತಾತ ಏರಿ ಒಡೆದು ನೀರು ಹರಿಯಬಿಟ್ಟು ವರ್ಷಕ್ಕಿಷ್ಟು ಒಳಗೆ ಉಳುತ್ತ ಬಂದಿದ್ದ. ಕೆಳಗಿನ ಬಯಲಿನವರ ಭತ್ತದ ಗದ್ದೆಗಳು ಒಣಗಿ ಹೋಗಿದ್ದವು. ಚಿಕ್ಕಪ್ಪ ಹಾಳೆಯ ಮೇಲೆ ನಮ್ಮ ಗದ್ದೆಯ ಸುತ್ತ ಕಪ್ಪು ಗೆರೆಯೆಳೆದು ನಡುವೆ 'ಕೆರೆ' ಎಂದು ಬರೆದರು. ಅದನ್ನು ಗಟ್ಟಿಯಾಗಿ ಓದಿ ಅಪ್ಪನಿಗೆ ಕೇಳಿಸಿದವಳು ನಾನೇ.

"ಅದ ಅಳ್ಸಾಕು" ಎಂದ ಅಪ್ಪ.

"ಅಲ್ಲಿರದು ಕೆರೆ ಕಣಣ್ಣ. ಸುಳ್ಳು ಬರಿಯಕ್ಕಾಯ್ತದಾ?"

"ನನ್ನ ಅನ್ನ ತಿಂದ್ಕಂಡು ನನ್ನ ಗದ್ದೆಗೇ ನೀರು ನುಗ್ಗುಸ್ತೀಯೇನ್ಲಾ?"

"ಅನ್ನ ನಿಂದೂ ಅಲ್ಲ, ನಂದೂ ಅಲ್ಲ. ಕೆಳಗ್ನೋರ್ದು."

ಅಪ್ಪ ಹಾಳೆಯನ್ನು ಹರಿದು ಕೊಟ್ಟಿಗೆಗೆ ಎಸೆದ. ಚಿಕ್ಕಪ್ಪ ಮೈಸೂರಿಗೆ ಹೋಗಿ ಅದನ್ನೇ ಮತ್ತೆ ಬರೆದರು. ಕೆಳಗಿನ ಬಯಲಿನವರು ಹುಡುಕಿಕೊಂಡು ಬಂದು ಕೇಳಿದಾಗ ಮುಚ್ಚಿಡದೆ ಒಂದು ಪ್ರತಿ ಕೊಟ್ಟರು. ತಾಲ್ಲೂಕು ಕಚೇರಿಯವರು ಬಂದು ಅಳೆದು ಹೌದೆಂದರು. ಏರಿಯ ಒಡಕು ಮುಚ್ಚಿತು, ಮಳೆ ಹುಯ್ದಿತು, ನಮ್ಮ ಕಬ್ಬು ಸೊಂಟದವರೆಗೆ ನೀರಿನಲ್ಲಿ ನಿಂತು ಕೊಳೆಯಿತು. ಆ ನಾತ ಅಡುಗೆಮನೆಯವರೆಗೂ ಬರುತ್ತಿತ್ತು. "ಇನ್ಮೇಕೆ ನನ್ನ ಹೊಸ್ಲು ತುಳುದ್ರೆ ಕಾಲ್ ಮುರೀತೀನಿ" ಎಂದು ಅಪ್ಪ ಹೇಳಿಕಳುಹಿಸಿದ. ಮನೆಯಲ್ಲಿ ಯಾರೂ ಅದು ತಪ್ಪೆನ್ನಲಿಲ್ಲ. ನಾನೂ ಅಪ್ಪನ ಪಕ್ಷವೇ.

ನಾಲ್ಕು ವರ್ಷದ ಮೇಲೆ ಅಜ್ಜಿ ಸತ್ತಳು. ಸುದ್ದಿ ತಿಳಿದ ಚಿಕ್ಕಪ್ಪ ಪಾಂಡವಪುರದಲ್ಲಿ ಬಸ್ಸಿಳಿದು ನಡೆದೇ ಬಂದು, ಮನೆಯೆದುರಿನ ಹೊಂಗೆಮರದಡಿ ನಿಂತರು. ಅಪ್ಪ ನನ್ನನ್ನು ಕರೆದ. "ಓಗಿ ಯೋಳವ್ವ ಅವ್ನಿಗೆ, ಮಣ್ಣಿಗೆ ಕೈ ಆಕ್ಕೂಡ್ದು ಅಂತ." ನಾನು ಹೋಗಿ ಹೇಳಿದೆ. ಅಷ್ಟಕ್ಕೇ ನಿಲ್ಲಿಸಲಿಲ್ಲ. "ನಿಮ್ಮಿಂದ್ಲೇ ಅಜ್ಜಿ ಸತ್ತೋದ್ಲು. ಓಗಿ, ನಿಮ್ಮ ಕೆರೆ ಅಳೆದ್ಕಂಡು ಕೂತ್ಕಳಿ." ಇದನ್ನು ಹೇಳೆಂದು ನನಗೆ ಯಾರೂ ಕಲಿಸಿರಲಿಲ್ಲ. ಚಿಕ್ಕಪ್ಪ ನನ್ನ ಮುಖ ನೋಡಿದರು. "ಕೊನೇಲಿ ಏನಾರ ಅಂದ್ಲಾ ಮಗ?" ಎಂದು ಕೇಳಿದರು. ಹಾಸಿಗೆ ಹಿಡಿದ ಎಂಟು ದಿನವೂ ಅಜ್ಜಿ ಅವರ ಹೆಸರು ಹಿಡಿದೇ ಕೂಗಿದ್ದಳು. ಏನೂ ಅನ್ನಲಿಲ್ಲ ಎಂದು ಹೇಳಿ ನಾನು ಒಳಗೆ ಬಂದೆ. ಹೆಣ ಎತ್ತುವವರೆಗೂ ಅವರು ಆ ಮರದಡಿಯೇ ಇದ್ದರು.

ಮುಂದೆ ಅವರು ಡಾಕ್ಟರಾದರು, ಪ್ರೊಫೆಸರಾದರು. ಹುಡುಗರನ್ನು ತರಗತಿಯಲ್ಲಿ ಕೂರಿಸುವುದಕ್ಕಿಂತ ಕೆರೆ ಏರಿಗಳ ಮೇಲೆ ನಡೆಸಿದ್ದೇ ಹೆಚ್ಚಂತೆ. ನಾನು ಬಿ.ಎ.ಗೆ ಸೇರಿದ್ದೂ ಅದೇ ಕಾಲೇಜು. ಒಂದು ದಿನ ಮೆಟ್ಟಿಲ ಮೇಲೆ ಎದುರಾಗಿ, "ಊಟ ಆಯ್ತಾ ಮಗ?" ಎಂದರು. ನಾನು ಕೇಳಿಸದವಳಂತೆ ಇಳಿದುಹೋದೆ. ಮೂರು ವರ್ಷದಲ್ಲಿ ನಮ್ಮ ನಡುವೆ ನಡೆದ ಮಾತು ಅಷ್ಟೇ.

ಚಿಕ್ಕಪ್ಪನ ನಿವೃತ್ತಿಗೆ ಇನ್ನೂ ಕೆಲವು ವರ್ಷಗಳಿದ್ದವು. ಬೆಳ್ಳೂರಿನ ಕಡೆ ವಿದ್ಯಾರ್ಥಿಗಳಿಗೆ ಒಂದು ಒಣಗಿದ ಕೆರೆ ತೋರಿಸುತ್ತಿದ್ದಾಗ ಎದೆ ಹಿಡಿದುಕೊಂಡು ಕೂತವರು ಏಳಲಿಲ್ಲ. ಅಪ್ಪ ಹೋಗಲಿಲ್ಲ. ಹನ್ನೊಂದನೆಯ ದಿನ ನಾನೊಬ್ಬಳೇ ಮೈಸೂರಿನ ಮನೆಗೆ ಹೋದೆ. ಚಿಕ್ಕಮ್ಮ ಬಾಗಿಲಿಗೆ ಅಡ್ಡ ನಿಂತರು. "ಅವ್ರು ಒಂದಿನಾನೂ ನಿಮ್ಮಪ್ಪನ್ನ ಬಯ್ಲಿಲ್ಲ. ನಾನು ಬಯ್ತೀನಿ. ಕೇಳುಸ್ಕಂಡೋಗು" ಎಂದರು, ಬೈದರು. ನಿಂತೇ ಕೇಳಿಸಿಕೊಂಡೆ. ಅವರ ಮಾತು ಮುಗಿದ ಮೇಲೆ, ಅಜ್ಜಿ ಕೊನೆಯ ದಿನಗಳಲ್ಲಿ ಕೂಗಿದ್ದು ಯಾರನ್ನೆಂದು ಹೇಳಿದೆ. ಚಿಕ್ಕಮ್ಮ ಬಾಗಿಲ ಚಿಲಕಕ್ಕೆ ಕೈ ಹಾಕಿದರು. "ಇದ ನನಗ್ಯಾಕೆ ಯೋಳ್ತೀಯೆ ಈಗ?" ಎಂದರು.

ಪಕ್ಕದ ಮನೆಯಾಕೆ ಕಾಂಪೌಂಡಿನಾಚೆ ನಿಂತು, ಬಂದವರು ಯಾರೆಂದು ಕೇಳಿದಳು. "ಯಾರೋ, ಊರ್ ಕಡೆಯೋಳು" ಎಂದು ಚಿಕ್ಕಮ್ಮ ಬಾಗಿಲು ಹಾಕಿಕೊಂಡರು.

ನಾನು ಬಸ್ಸು ಹತ್ತಿದೆ. ಕಾವೇರಿಯ ಸೇತುವೆ ದಾಟುವಾಗ ಹೊತ್ತು ಮುಳುಗುತ್ತಿತ್ತು. ಅಲ್ಲಿಂದ ಪಾಂಡವಪುರದವರೆಗೂ ರಸ್ತೆಯ ಎರಡೂ ಕಡೆ, ನಾಟಿಗೆ ಹದ ಮಾಡಿದ ಗದ್ದೆಗಳಲ್ಲಿ ನೀರು ನಿಂತಿತ್ತು.