ಓಡದ ಲೇತಿಗೆ ಇಟ್ಟ ಕುಂಕುಮ

ಪೀಣ್ಯದ ನಮ್ಮ ಶೆಡ್ಡಿನಲ್ಲಿ ಆಗ ಕಬ್ಬಿಣ ಕಡೆಯುವ ಮೂರು ಲೇತ್ ಮಿಷನ್‌ಗಳಿದ್ದವು. ಓಡುತ್ತಿದ್ದದ್ದು ಎರಡೇ. ಮೂರನೆಯದು ಮಾವನವರು ಕೊಂಡ ಮೊದಲ ಲೇತು. ಅದರ ಮೋಟಾರು ಸುಟ್ಟು ಎಷ್ಟೋ ವರ್ಷವಾಗಿತ್ತು. ಗುಜರಿಯವನು ಬಂದು ಕೇಳಿದಾಗಲೆಲ್ಲ ನನ್ನ ಗಂಡ, "ಅಪ್ಪಂಗೆ ಮಾತು ಕೊಟ್ಟಿದೀನಿ, ಅದರದ್ದೊಂದು ನಟ್ಟೂ ಮಾರಲ್ಲ" ಎನ್ನುತ್ತಿದ್ದರು. ಸುಮ್ಮನೆ ಜಾಗ ತಿನ್ನುತ್ತದೆಂದು ನಾನು ಗೊಣಗುತ್ತಿದ್ದೆ.

ಆ ವರ್ಷ ಆಯುಧಪೂಜೆಯ ರಜೆ ಮುಗಿದ ಮೊದಲ ದಿನವೇ ವಿದ್ಯುತ್ ಕಚೇರಿಯ ತಪಾಸಣೆಯವರು ಬಂದರು. ಮೂರೂ ಮಿಷನ್‌ಗಳು ತೊಳೆಸಿಕೊಂಡು, ಒರೆಸಿಕೊಂಡು, ಕುಂಕುಮ ಇಟ್ಟುಕೊಂಡು, ಚೆಂಡುಹೂವಿನ ಹಾರ ಹಾಕಿಕೊಂಡು ಮದುಮಕ್ಕಳ ಹಾಗೆ ನಿಂತಿದ್ದವು. ನಮಗೆ ಮಂಜೂರಾಗಿದ್ದ ವಿದ್ಯುತ್ ಲೋಡ್ ಎರಡು ಮಿಷನ್‌ಗೆ ಮಾತ್ರ. ಬಂದ ಇಂಜಿನಿಯರ್ ಮೂರನ್ನೂ ಕೂಡಿಸಿ ಬರೆದುಕೊಂಡರು.

"ಸಾರ್, ಅದು ಕೆಟ್ಟೋಗಿದೆ" ಎಂದೆ.

"ಓಡ್ದೇ ಇರೋ ಮಿಷನ್‌ಗೆ ಯಾರಮ್ಮ ಪೂಜೆ ಮಾಡ್ತಾರೆ?" ಎಂದು ನಕ್ಕು ಹೊರಟೇಹೋದರು.

ಸ್ವಲ್ಪ ದಿನಕ್ಕೆ ನೋಟಿಸು ಬಂತು. ಹೆಚ್ಚುವರಿ ಲೋಡನ್ನು ಇಡೀ ವರ್ಷ ಬಳಸಿದ್ದೇವೆಂದು ಲೆಕ್ಕ ಹಿಡಿದು ದಂಡ ಹಾಕಿದ್ದರು. ಆಕ್ಷೇಪಣೆ ಇದ್ದರೆ ಸಲ್ಲಿಸಬಹುದಂತೆ, ಇಲ್ಲವಾದರೆ ಕಟ್ಟಬೇಕು. ಕಟ್ಟಿದರೆ ಶೆಡ್ಡು ಮಾರಬೇಕು, ಕಟ್ಟದಿದ್ದರೆ ಕರೆಂಟ್ ಹೋಗುತ್ತದೆ. ಅತ್ತ ದರಿ ಇತ್ತ ಪುಲಿ. ಸಾಲದ್ದಕ್ಕೆ ಬೀದಿಯಲ್ಲಿ, "ಕರೆಂಟ್ ಕದ್ದು ಸಿಕ್ಕಾಕ್ಕೊಂಡ್ರಂತೆ ಕಣ್ರೀ" ಎಂಬ ಮಾತು ಬೇರೆ.

"ಕಂತಲ್ಲಾದ್ರೂ ಕಟ್ಬಿಡೋಣ ಬಿಡೇ, ಸರ್ಕಾರದ ಜೊತೆ ನಮಗ್ಯಾಕೆ" ಎಂದರು ಗಂಡ.

ನನಗೆ ಮೈಯೆಲ್ಲ ಉರಿದುಹೋಯಿತು. "ಕದೀದೇನೇ ಕಳ್ಳರಾಗೋದಾ?" ಎಂದು ರೇಗಿದೆ. ಅವರು ತಲೆ ತಗ್ಗಿಸಿ ಕುಳಿತರು. ಇವರದ್ದು ಯಾವಾಗಲೂ ಪುಕ್ಕಲು ಸ್ವಭಾವ ಎಂದುಕೊಂಡು, ನಾನೇ ವಕೀಲರೊಬ್ಬರ ಹತ್ತಿರ ಆಕ್ಷೇಪಣೆ ಬರೆಸಿ ಕೊಟ್ಟು ಬಂದೆ.

ವಿಚಾರಣೆಗೆ ಕೂತಿದ್ದವರು ಬೇರೊಬ್ಬ ಹಿರಿಯ ಅಧಿಕಾರಿ. ತಪಾಸಣೆಯ ಇಂಜಿನಿಯರ್ ಅಲ್ಲಿಯೂ ಹೂವು, ಕುಂಕುಮ ಎಂದು ಅದನ್ನೇ ಹೇಳಿದರು. ವಕೀಲರು ಬಾಯಿ ತೆರೆಯುವ ಮೊದಲೇ ನಾನು ತೆರೆದೆ. "ಗೋಡೆ ಮೇಲಿರೋ ನಮ್ಮ ಮಾವನೋರ ಫೋಟೋಗೂ ದಿನಾ ಹೂ ಹಾಕ್ತೀವಿ ಸಾರ್. ಅವ್ರೂ ದಿನಾ ಕೆಲ್ಸಕ್ಕೆ ಬರ್ತಾರೆ ಅಂತ ಬರ್ಕೊತೀರಾ?"

ಅಧಿಕಾರಿ ನಗು ತಡೆದುಕೊಂಡರು. "ಮಾತೇನೋ ಸರಿ ಅಮ್ಮ. ಆದ್ರೆ ಕಣ್ಣಾರೆ ನೋಡ್ದೇ ದಂಡ ತೆಗೆಯಕ್ಕಾಗಲ್ಲ. ಮೋಟಾರ್ ಬಿಚ್ಚಿಸಿ ನೋಡೋಣ."

ಪಕ್ಕಕ್ಕೆ ತಿರುಗಿದರೆ ಗಂಡನ ಮುಖದಲ್ಲಿ ರಕ್ತವಿರಲಿಲ್ಲ. ನನಗೆ ಗೊತ್ತಾಗದ ಹಾಗೆ ಅದನ್ನು ರಿಪೇರಿ ಮಾಡಿಸಿ ಓಡಿಸುತ್ತಿದ್ದರೇ? ಕೇಳಲು ಧೈರ್ಯ ಬರಲಿಲ್ಲ.

ಅವರೆಲ್ಲ ಶೆಡ್ಡಿಗೆ ಬಂದ ದಿನ ಹಳೆಯ ಲೇತಿನ ಕೊರಳಲ್ಲಿ ಹಾರ ಒಣಗಿ ನೇತಾಡುತ್ತಿತ್ತು. ಬೋಲ್ಟುಗಳು ಒಂದೊಂದಾಗಿ ಸಡಿಲವಾಗಿ ಮೋಟಾರಿನ ಮುಚ್ಚಳ ಬಿಚ್ಚಿಕೊಂಡಿತು. ಅಧಿಕಾರಿ ಟಾರ್ಚ್ ಬಿಟ್ಟು ನೋಡಿದರು. ಒಳಗೆ ಸುಟ್ಟ ತಂತಿಯೂ ಇಲ್ಲ, ಸುಡದ ತಂತಿಯೂ ಇಲ್ಲ. ಇಲಿ ಕಟ್ಟಿಕೊಂಡ ಚಿಂದಿಯ ಗೂಡೊಂದೇ ಇತ್ತು.

"ಏನ್ರೀ ಇದು, ವೈಂಡಿಂಗೇ ಇಲ್ವಲ್ಲ!"

ಗಂಡ ಅವರನ್ನು ಬಿಟ್ಟು ನನ್ನ ಕಡೆ ತಿರುಗಿ, "ನಿನ್ ಆಪರೇಷನ್ ಆದಾಗ ಔಷಧಿಗೆ ಕಮ್ಮಿ ಬಿತ್ತು ಕಣೇ. ಒಳಗಿನ ತಾಮ್ರದ ತಂತಿ ಬಿಚ್ಚಿ ಗುಜರಿಗೆ ಹಾಕ್ಬಿಟ್ಟೆ. ಅಪ್ಪಂಗೆ ಕೊಟ್ಟ ಮಾತು ಉಳಿಸ್ಕೊಳ್ಳಲಿಲ್ಲ" ಎಂದರು. ದಂಡ ಕಟ್ಟಲು ಒಪ್ಪಿದ್ದು ಇದಕ್ಕೇ, ಮುಚ್ಚಳ ತೆಗೆಯಬಾರದೆಂದು. ಅಷ್ಟು ಜನರೆದುರು ನಾನು ನಗುತ್ತಲೇ ಅತ್ತುಬಿಟ್ಟೆ. ತಪಾಸಣೆಯ ಇಂಜಿನಿಯರ್ ಹೊರಗೆ ಹೋಗಿ ನಿಂತರು.

ದಂಡ ರದ್ದಾದ ಆದೇಶ ಕೈಸೇರಿದ ದಿನ ಎದೆಯ ಮೇಲಿನ ಒರಳುಕಲ್ಲು ಇಳಿಸಿದ ಹಾಗಾಯಿತು. ಬಹಳ ದಿನಗಳ ಮೇಲೆ ಇಬ್ಬರೂ ಹೊಟ್ಟೆ ತುಂಬ ಉಂಡೆವು.

ಮುಂದಿನ ಆಯುಧಪೂಜೆಗೆ ಗಂಡ ಎರಡು ಮಿಷನ್‌ಗಳಿಗೆ ಪೂಜೆ ಮುಗಿಸಿ, ಮೂರನೆಯದರ ಮುಂದೆ ತಟ್ಟೆ ಹಿಡಿದು ನಿಂತುಬಿಟ್ಟರು. "ಇದಕ್ಕೆ ಬೇಡ್ವೇನೋ. ಮತ್ತೆ ಯಾರಾದ್ರೂ ಬಂದ್ರೆ?"

"ಬರ್ಲಿ ಬಿಡ್ರೀ" ಎಂದು ತಟ್ಟೆ ಇಸಿದುಕೊಂಡೆ. ಎಲ್ಲಕ್ಕಿಂತ ದೊಡ್ಡ ಕುಂಕುಮದ ಬೊಟ್ಟನ್ನು ಆ ಟೊಳ್ಳು ಮೋಟಾರಿಗೇ ಇಟ್ಟೆ.