ಕೇಳಿ ಉತ್ತ ಗದ್ದೆ

ಸಿದ್ದಾಪುರ ಕೋರ್ಟಿನಲ್ಲಿ ಗೆದ್ದೇಬಿಟ್ಟೆ ಅಂದುಕೊಂಡು ನಾನು ಸೋತದ್ದು ತ್ಯಾಗಲಿಯ ಮಾರ್ಯಾ ನಾಯ್ಕರ ಕೇಸು. ಬೇರೆಯವರ ಹೆಸರಿನ ಗದ್ದೆಯನ್ನು ಅವರು ಅಪ್ಪನ ಕಾಲದಿಂದ ಉತ್ತು ಉಂಡವರು. ಒಡೆಯರು ತೀರಿಕೊಂಡ ಮೇಲೆ ಅವರ ಮಗ ಬೇಲಿ ಹಾಕಲು ಬಂದ. ಹನ್ನೆರಡು ವರ್ಷ ಯಾರ ಅಪ್ಪಣೆಯೂ ಇಲ್ಲದೆ, ರಾಜಾರೋಷವಾಗಿ ಅನುಭವಿಸಿದ್ದರೆ ಜಮೀನು ಅನುಭವಿಸಿದವನದೇ ಎನ್ನುತ್ತದೆ ಕಾನೂನು. ಅಷ್ಟನ್ನೇ ಹೇಳಿ ಎಂದು ನಾಯ್ಕರಿಗೆ ಕಲಿಸಿದ್ದೆ.

ಎದುರು ವಕೀಲರು ಬಹಳ ಮೆತ್ತಗೆ ಕೇಳಿದರು: "ಹೂಟಿಗೆ ಮೊದಲು ಒಡೆಯರಿಗೆ ಹೇಳ್ತಿದ್ರಾ?"

ನಾಯ್ಕರು ಕೆರಳಿದರು. "ಹೇಳ್ದೆ ಹೂಡೂಕೆ ನಾವೇನ್ ಕಳ್ರಾ? ಪ್ರತಿ ವರ್ಷ ಎಲೆ ಅಡಿಕೆ, ಕಾಯಿ ಹಿಡ್ಕಂಡ್ ಹೋಗಿ, ಅವ್ರು ಹೂಂ ಅಂದ್ಮೇಲೇ ನೇಗ್ಲ ಕಟ್ಟೂದು."

ಎದುರು ವಕೀಲರು ಮತ್ತೇನೂ ಕೇಳದೆ ಕೂತುಬಿಟ್ಟರು. ಕೇಸು ಅಲ್ಲಿಗೇ ಮುಗಿದಿತ್ತು.

ಹೊರಗೆ ಬಂದು ನಾಯ್ಕರು, "ಸಮಾ ಉತ್ರ ಕೊಟ್ಟೆ, ಅಲ್ರಾ ವಕೀಲ್ರೆ?" ಎಂದರು. ಫೈಲು ಕಟ್ಟುತ್ತಾ ಹೌದೆಂದೆ.

ಕೇಳದೇ ನುಗ್ಗಿದ್ದರೆ ಕಾನೂನು ಅವರನ್ನೇ ಒಡೆಯರೆನ್ನುತ್ತಿತ್ತು. ಈಗ ಇಂಥ ಕೇಸು ಬಂದರೆ ಪಹಣಿ ಆಮೇಲೆ ನೋಡುತ್ತೇನೆ. ಮನೆಯಲ್ಲಿ ಮರ್ಯಾದೆ ಎಷ್ಟು ತಲೆಮಾರಿನಿಂದ ಇದೆ ಅಂತ ಮೊದಲು ವಿಚಾರಿಸುತ್ತೇನೆ.