ಹೊಲಿಗೆ ಅಕ್ಕ ಮತ್ತು ಕಂಬದ ಕ್ಯಾಮೆರಾ

ಹೊಲಿಗೆ ಅಕ್ಕನ ಬಲಗೈ ಹೆಬ್ಬೆರಳಿನ ಉಗುರು ಸದಾ ಸುಣ್ಣದಿಂದ ಬೆಳ್ಳಗಿರುತ್ತಿತ್ತು. ಬಾಯಲ್ಲಿ ಎಲೆಯಡಿಕೆಯ ಕವಳ, ಕಾಲಡಿ ಹೊಲಿಗೆ ಮಷಿನ್ನು. ಅರಳಸುರಳಿಗೆ ಹೋಗುವ ದಾರಿಯಲ್ಲಿದ್ದ ಅವರ ಅಂಗಡಿಯಲ್ಲೇ ನಾನು ಕಾಲೇಜು ಮುಗಿಸಿದ ಮೇಲೆ ರವಿಕೆ ಹೊಲಿಯಲು ಕಲಿತದ್ದು. ಕೊರಳು ಸೊಟ್ಟಗಾದರೆ, "ಇದನ್ನ ಹಾಕ್ಕೊಂಡವ್ಳು ತಲೆ ಓರೆ ಮಾಡ್ಕೊಂಡೇ ತಿರುಗ್ಬೇಕು. ಹೊಲಿಗೆ ಬಿಚ್ಚೇ ಮಾರಾಯ್ತಿ" ಎನ್ನುತ್ತಿದ್ದರು.

ವೀಳ್ಯದೆಲೆ ಮುಗಿದರೆ ಹತ್ತಿರದ ಯಾವುದಾದರೂ ತೋಟಕ್ಕೆ ಹೊಕ್ಕು ಬಳ್ಳಿಯಿಂದ ನಾಲ್ಕೆಲೆ ಕೊಯ್ದು ತರುವರು. ಕವಳದ ಎಲೆಗೆ ನಮ್ಮಲ್ಲಿ ಯಾರೂ ಯಾರನ್ನೂ ಕೇಳುವುದಿಲ್ಲ. ಆದರೆ ಅಡಿಕೆ ಕಳ್ಳತನ ಹೆಚ್ಚಾದ ವರ್ಷ ಕಂಬಗಳಿಗೆ ಕ್ಯಾಮೆರಾ ಬಂದವು. ಅಕ್ಕ ಕಂಡವರ ತೋಟಕ್ಕೆಲ್ಲ ಹೋಗಿಬರುವುದನ್ನು ಅವು ನೋಡಿಬಿಟ್ಟವು.

ಒಂದು ಮಧ್ಯಾಹ್ನ ಪೊಲೀಸಪ್ಪ ಅಂಗಡಿಗೆ ಬಂದ.

"ನಾ ಎಂತ ಮಾಡಿದೀನಿ?" ಅಕ್ಕ ಕೇಳಿದರು.

"ಏನೂ ಮಾಡಿಲ್ಲಮ್ಮ. ನೀವು ಕಂಡವರ ತೋಟಕ್ಕೆ ಹೋಗೋದು ಕ್ಯಾಮೆರಾದಲ್ಲಿ ಬಂದಿದೆ. ಮುಂದೆ ಕಳ್ಳತನ ಮಾಡ್ಬಹುದು ಅಂತ ಕಂಪ್ಯೂಟರ್ ತೋರಿಸ್ತಿದೆ."

"ಎಲೆ ಕೊಯ್ಯಕ್ಕೆ ಹೋಗಿದ್ದು. ಊರಲ್ಲಿ ಯಾರನ್ನ ಬೇಕಾದ್ರೂ ಕೇಳಿ."

"ಅದು ಊರವರನ್ನ ಕೇಳಲ್ಲಮ್ಮ. ನಿಮ್ಮ ಹತ್ರ ದಿನಾ ಬರೋರು ಯಾರ್ಯಾರು? ಅವರನ್ನೂ ಕಂಪ್ಯೂಟರಿಗೆ ಸೇರಿಸ್ಬೇಕು." ನನ್ನ ಕಡೆ ತಿರುಗಿದ. "ಈ ಹುಡುಗಿ ಯಾರು?"

ನಾನು ಸರ್ಕಾರಿ ನೌಕರಿಗೆ ಆಯ್ಕೆಯಾಗಿದ್ದೆ. ಪೊಲೀಸ್ ವೆರಿಫಿಕೇಶನ್ ಒಂದು ಬಾಕಿಯಿತ್ತು.

ಅಕ್ಕ ನನ್ನ ಮುಖ ನೋಡಲೇ ಇಲ್ಲ. "ಯಾರೋ ಗೊತ್ತಿಲ್ಲ. ಸೀರೆಗೆ ಫಾಲ್ ಹಾಕ್ಸಕ್ಕೆ ಬಂದವ್ಳು" ಎಂದರು.

ಮರುದಿನ ಬಸ್ಸಿನಲ್ಲಿ ಅಕ್ಕ ನನ್ನ ಪಕ್ಕ ನಿಂತು, ಕಿಟಕಿಯ ಆಚೆ ನೋಡುತ್ತಲೇ ಮೆಲ್ಲಗೆ ಹೇಳಿದರು: "ಇನ್ನು ಅಂಗಡಿಗೆ ಬರ್ಬೇಡ. ಫೋನೂ ಮಾಡ್ಬೇಡ. ಮೊದ್ಲು ನಿಂಗೆ ಕೆಲಸ ಆಗ್ಲಿ."

ಕೆಲಸ ಆಯಿತು. ಆಮೇಲೂ ನಾನು ಅಂಗಡಿ ಕಡೆ ಹೋಗಲಿಲ್ಲ. ಹೊಸನಗರದಲ್ಲೋ ಸಾಗರದಲ್ಲೋ ಅಡಿಕೆ ಕಳುವಾದಾಗಲೆಲ್ಲ ಅಕ್ಕನನ್ನು ಸ್ಟೇಷನ್ನಿಗೆ ಕರೆಸುತ್ತಿದ್ದರು. ಯಾವತ್ತೂ ಏನೂ ಸಿಗಲಿಲ್ಲ. ಆದರೂ ಕರೆಯುವುದು ನಿಲ್ಲಲಿಲ್ಲ. ಜನ ರವಿಕೆ ಕೊಡುವುದನ್ನು ಬಿಟ್ಟರು. ಅಕ್ಕ ಕವಳ ಬಿಟ್ಟರಂತೆ.

ಹೋದ ತಿಂಗಳು ಅವರು ತೀರಿಕೊಂಡರು. ನಾನು ಹೋದಾಗ ಅವರ ಮನೆಯಂಗಳದಲ್ಲಿ ಜನವೇ ಇರಲಿಲ್ಲ. ಅದೇ ಪೊಲೀಸಪ್ಪ ಮೂಲೆಯಲ್ಲಿ ನಿಂತಿದ್ದ.

"ಇವರು ನಿಮಗೆ ಏನಾಗ್ಬೇಕು?" ಎಂದು ಕೇಳಿದ.

"ನಂಗೆ ಹೊಲಿಗೆ ಕಲಿಸಿದವ್ರು. ದಿನಾ ಬರ್ತಿದ್ದೆ" ಎಂದೆ.

ಅವನು ಮೊಬೈಲು ಎತ್ತಿ ನನ್ನ ಫೋಟೊ ತೆಗೆದುಕೊಂಡ. ಅವತ್ತಿನಿಂದ ಮನೆ ಮುಂದೆ ಯಾವ ಬೈಕು ನಿಂತರೂ ಪೊಲೀಸಪ್ಪನೇನೋ ಎಂದು ಕಿಟಕಿಯಿಂದ ಇಣುಕುತ್ತೇನೆ.